ಪೆದ್ರೊ ಕೋಸ್ತಾ ಸಿನಿಮಾಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಪೋರ್ಚುಗಲ್‌ನ ನಿರ್ದೇಶಕ ಪೆದ್ರೊ ಕೋಸ್ತಾ ಬಗ್ಗೆ ಸಿನಿಮಾಸಕ್ತರು ಮತ್ತೆ ಮತ್ತೆ ಕೇಳುವ ಪ್ರಶ್ನೆಗಳಿವು. ಹೊಸದಾಗಿ ನೋಡಲು ಹೊರಟವರಿಗೂ, ಒಂದು ಸಿನಿಮಾ ಹಾಕಿ ಅರ್ಧಕ್ಕೇ ಎದ್ದವರಿಗೂ ಉಪಯೋಗವಾಗಲಿ ಎಂದು ಕೆಲವು ಉತ್ತರಗಳನ್ನು ಉದ್ದವಾಗಿಯೇ ಬರೆದಿದ್ದೇನೆ. ಹುಡುಕಲು ಸುಲಭವಾಗಲೆಂದು ಸಿನಿಮಾಗಳಿಗೆ ಹೊರಗೆ ಚಾಲ್ತಿಯಲ್ಲಿರುವ ಹೆಸರುಗಳನ್ನೇ ಬಳಸಿದ್ದೇನೆ.

ಪೆದ್ರೊ ಕೋಸ್ತಾ ಯಾರು?

ಲಿಸ್ಬನ್‌ನಲ್ಲಿ 1950ರ ದಶಕದ ಕೊನೆಯಲ್ಲಿ ಹುಟ್ಟಿದವರು. ವಿಶ್ವವಿದ್ಯಾಲಯದಲ್ಲಿ ಇತಿಹಾಸ ಓದುತ್ತಿದ್ದವರು ಅದನ್ನು ಬಿಟ್ಟು ಲಿಸ್ಬನ್‌ನ ಸಿನಿಮಾ ಶಾಲೆ ಸೇರಿದರು. ಅಲ್ಲಿ ಅವರಿಗೆ ಸಿಕ್ಕ ಮೇಷ್ಟ್ರು ಆಂತೋನಿಯೊ ರೈಸ್. ಕವಿ, ಜೊತೆಗೆ ಮಾರ್ಗರಿದಾ ಕೊರ್ದೈರೊ ಅವರೊಂದಿಗೆ ಸೇರಿ ಪೋರ್ಚುಗಲ್‌ನ ಹಳ್ಳಿಗಾಡಿನ ಮೇಲೆ 'ತ್ರಾಸ್ ಓಸ್ ಮೋಂತೆಸ್' (1976) ಮಾಡಿದ ನಿರ್ದೇಶಕ. ಹಳ್ಳಿಯ ಜನರನ್ನೇ ಕ್ಯಾಮೆರಾ ಮುಂದೆ ನಿಲ್ಲಿಸಿ, ಅವರ ಮಾತನ್ನು ಕಾವ್ಯದ ಮಟ್ಟದಲ್ಲಿ ಕೇಳಿಸಿಕೊಂಡ ಸಿನಿಮಾ ಅದು. ಕೋಸ್ತಾ ಮುಂದೆ ಏನು ಮಾಡಿದರೋ ಅದರ ಬೇರು ಇಲ್ಲೇ ಇದೆ ಎಂದು ನನಗನಿಸುತ್ತದೆ.

ಕೆಲವು ವರ್ಷ ಸಹಾಯಕ ನಿರ್ದೇಶಕರಾಗಿ ದುಡಿದು, 1989ರಲ್ಲಿ ಮೊದಲ ಸಿನಿಮಾ 'ಓ ಸಾಂಗೆ' ಮಾಡಿದರು. ಕಪ್ಪು ಬಿಳುಪು, ಇಬ್ಬರು ಅಣ್ಣತಮ್ಮಂದಿರ ಕಥೆ, ಹಳೆಯ ಹಾಲಿವುಡ್ ಸಿನಿಮಾಗಳನ್ನು ಅರೆದು ಕುಡಿದ ಹುಡುಗನೊಬ್ಬನ ಕೆಲಸ. ಚೆಂದವಾಗಿದೆ. ಆದರೆ ಜಗತ್ತು ಇವತ್ತು ಕೋಸ್ತಾ ಎಂದು ಯಾರನ್ನು ಗುರುತಿಸುತ್ತದೋ ಆ ನಿರ್ದೇಶಕ ಹುಟ್ಟಿದ್ದು ಅದಾದ ಸುಮಾರು ಹತ್ತು ವರ್ಷದ ಮೇಲೆ, ಲಿಸ್ಬನ್ ಅಂಚಿನ ಫೊಂಟೈನ್ಯಾಸ್ ಎಂಬ ಕೊಳೆಗೇರಿಯಲ್ಲಿ.

ಮೊದಲು ಯಾವುದನ್ನು ನೋಡಬೇಕು?

'ವಿತಲಿನಾ ವರೇಲಾ' (2019). ಕಥೆ ಹಿಡಿಯಲು ಸುಲಭ, ಎರಡು ಗಂಟೆಯ ಆಸುಪಾಸಿನಲ್ಲಿ ಮುಗಿಯುತ್ತದೆ, ಒಂದು ಮುಖ ಕೊನೆಯವರೆಗೂ ನಿಮ್ಮನ್ನು ಕೂರಿಸುತ್ತದೆ. ಆಮೇಲೆ ಹಿಂದಕ್ಕೆ ಹೋಗಿ 'ಓಸ್ಸೊಸ್' (1997), 'ಇನ್ ವಾಂದಾಸ್ ರೂಮ್' (2000), 'ಕೊಲಾಸಲ್ ಯೂತ್' (2006), 'ಹಾರ್ಸ್ ಮನಿ' (2014) ಇವನ್ನು ಬಂದ ಕ್ರಮದಲ್ಲೇ ನೋಡಿ. ಒಂದರಲ್ಲಿ ಕಂಡವರು ಇನ್ನೊಂದರಲ್ಲಿ ವಯಸ್ಸಾಗಿ ಸಿಗುತ್ತಾರೆ. ಕ್ರಮ ತಪ್ಪಿದರೆ ಆ ಸುಖ ಹೋಗುತ್ತದೆ. ವಾಂದಾಳ ಸಿನಿಮಾದಿಂದಲೇ ಶುರು ಮಾಡಬೇಡಿ ಎನ್ನುವುದು ಮಾತ್ರ ನನ್ನ ಖಚಿತ ಸಲಹೆ. ಅದು ಅವರ ಅತ್ಯುತ್ತಮ ಸಿನಿಮಾ, ಆದರೆ ನೋಡುಗರಿಂದ ಅತಿ ಹೆಚ್ಚು ಕೇಳುವುದೂ ಅದೇ.

ಫೊಂಟೈನ್ಯಾಸ್ ಎಂದರೆ ಪಣಜಿಯಲ್ಲಿರುವುದೇ?

ಅಲ್ಲ. ಗೋವಾಕ್ಕೆ ಹೋದವರೆಲ್ಲ ಪಣಜಿಯ ಬಣ್ಣಬಣ್ಣದ ಮನೆಗಳ ಆ ಬೀದಿಗಳಲ್ಲಿ ಓಡಾಡಿರುತ್ತೀರಿ, ಹಾಗಾಗಿ ಈ ಪ್ರಶ್ನೆ ಬರುವುದು ಸಹಜ. ಇದು ಲಿಸ್ಬನ್ ಮತ್ತು ಅಮದೋರಾ ಸೇರುವ ಅಂಚಿನಲ್ಲಿದ್ದ ಬೇರೆಯೇ ಜಾಗ. ಅಲ್ಲಿದ್ದವರು ಹೆಚ್ಚಾಗಿ ಪಶ್ಚಿಮ ಆಫ್ರಿಕಾದ ಕರಾವಳಿಯಾಚೆ ಇರುವ, ಹಿಂದೆ ಪೋರ್ಚುಗೀಸರ ವಸಾಹತಾಗಿದ್ದ ಕೇಪ್ ವರ್ಡ್ ದ್ವೀಪಗಳಿಂದ ಬಂದ ಕೂಲಿಕಾರರು ಮತ್ತು ಅವರ ಮಕ್ಕಳು, ಜೊತೆಗೆ ಬಡ ಪೋರ್ಚುಗೀಸರು. ತಾವೇ ಇಟ್ಟಿಗೆ, ತಗಡು ತಂದು ಕಟ್ಟಿಕೊಂಡ ಮನೆಗಳು, ಇಬ್ಬರು ಎದುರುಬದುರಾದರೆ ಒಬ್ಬರು ಪಕ್ಕಕ್ಕೆ ಸರಿಯಬೇಕಾದ ಓಣಿಗಳು.

ಅವರು ಅಲ್ಲಿಗೆ ಬಂದಿದ್ದೇಕೆ ಎಂದು ತಿಳಿಯದಿದ್ದರೆ ಈ ಸಿನಿಮಾಗಳ ಅರ್ಧ ಭಾರ ನಮಗೆ ತಾಕುವುದಿಲ್ಲ. ಗೋವಾ 1961ರ ಡಿಸೆಂಬರಿನಲ್ಲಿ ಪೋರ್ಚುಗೀಸರ ಕೈಬಿಟ್ಟಿತು. ಅದೇ ವರ್ಷ ಅಂಗೋಲದಲ್ಲಿ ಸ್ವಾತಂತ್ರ್ಯದ ಯುದ್ಧ ಶುರುವಾಗಿ, ಗಿನಿ ಬಿಸಾವು, ಮೊಜಾಂಬಿಕ್‌ಗೂ ಹಬ್ಬಿ 1974ರವರೆಗೆ ನಡೆಯಿತು. ಪೋರ್ಚುಗಲ್‌ನ ಗಂಡಸರು ಒಂದೋ ಆ ಯುದ್ಧಕ್ಕೆ ಹೋದರು, ಇಲ್ಲವೇ ಕೆಲಸ ಹುಡುಕಿಕೊಂಡು ಫ್ರಾನ್ಸಿಗೆ ಹೋದರು. ಅತ್ತ ಲಿಸ್ಬನ್ ಬೆಳೆಯುತ್ತಿತ್ತು, ಗಾರೆ ಕೆಲಸಕ್ಕೆ ಜನ ಬೇಕಿತ್ತು. ಬರಗಾಲ ಬಿಡದೆ ಕಾಡುತ್ತಿದ್ದ ಕೇಪ್ ವರ್ಡ್‌ನಿಂದ ಗಂಡಸರು ಹಡಗು ಹತ್ತಿದರು. ಹೆಂಡತಿ ಮಕ್ಕಳನ್ನು ಆಮೇಲೆ ಕರೆಸಿಕೊಳ್ಳುತ್ತೇವೆ ಎಂದು ಹೇಳಿ ಬಂದವರು ಎಷ್ಟೋ ಜನ. ಕೆಲವರು ಕರೆಸಿಕೊಂಡರು. ಕರೆಸಿಕೊಳ್ಳದವರ ಮನೆಯ ಕಥೆಯೇ 'ವಿತಲಿನಾ ವರೇಲಾ'.

ಕೇಪ್ ವರ್ಡ್ 1975ರ ಜುಲೈ 5ರಂದು ಸ್ವತಂತ್ರವಾಯಿತು. ಲಿಸ್ಬನ್‌ನ ಸಾರವೆಗಳ ಮೇಲೆ ನಿಂತಿದ್ದವರು ಅಲ್ಲೇ ಉಳಿದರು. ಕೊಳೆಗೇರಿ ತೆರವಿಗೆ ಪೋರ್ಚುಗಲ್ ಸರ್ಕಾರ 1993ರಲ್ಲಿ ದೊಡ್ಡ ಪುನರ್ವಸತಿ ಯೋಜನೆ ತಂದಿತು. ಕೆಲವೇ ವರ್ಷಗಳಲ್ಲಿ ಫೊಂಟೈನ್ಯಾಸ್‌ಗೂ ಬುಲ್ಡೋಜರ್ ಬಂತು. ಇವತ್ತು ಆ ಜಾಗ ಇಲ್ಲ.

ಹೊರಗಿನವರಾದ ಕೋಸ್ತಾ ಆ ಕೇರಿಯೊಳಗೆ ಹೋಗಿದ್ದು ಹೇಗೆ?

ಅಂಚೆಯವನ ಕೆಲಸ ಮಾಡಿಕೊಂಡು.

ಎರಡನೆಯ ಸಿನಿಮಾ 'ಕಾಸಾ ದೆ ಲಾವಾ' (1994) ಚಿತ್ರೀಕರಿಸಲು ಅವರು ಕೇಪ್ ವರ್ಡ್‌ನ ಫೋಗೊ ದ್ವೀಪಕ್ಕೆ ಹೋಗಿದ್ದರು. ನಡುವೆ ಜ್ವಾಲಾಮುಖಿ, ಸುತ್ತ ಕರಿ ಬೂದಿಯ ನೆಲ. ಲಿಸ್ಬನ್‌ನ ಕಟ್ಟಡವೊಂದರಿಂದ ಬಿದ್ದು ಪ್ರಜ್ಞೆ ತಪ್ಪಿದ ಕೂಲಿಯವನನ್ನು ನರ್ಸ್ ಒಬ್ಬಳು ಊರಿಗೆ ಕರೆದೊಯ್ಯುವ ಕಥೆ. ಚಿತ್ರೀಕರಣ ಮುಗಿದು ಹೊರಟಾಗ ಊರಿನ ಜನ ಕೋಸ್ತಾ ಕೈಗೆ ಪತ್ರ, ಕಾಫಿ, ತಂಬಾಕಿನ ಪೊಟ್ಟಣಗಳನ್ನು ಕೊಟ್ಟು ಲಿಸ್ಬನ್‌ನಲ್ಲಿರುವ ಮಕ್ಕಳಿಗೆ, ಗಂಡಂದಿರಿಗೆ, ಅಣ್ಣತಮ್ಮಂದಿರಿಗೆ ತಲುಪಿಸಿ ಎಂದರು. ಆ ವಿಳಾಸಗಳನ್ನು ಹಿಡಿದು ಹೋದಾಗ ಸಿಕ್ಕಿದ್ದು ಫೊಂಟೈನ್ಯಾಸ್. ಊರಿನಿಂದ ಪತ್ರ ತಂದವನಿಗೆ ಬಾಗಿಲು ತೆರೆಯದವರು ಯಾರು? ಒಳಗೆ ಕರೆದರು, ಕೂರಿಸಿದರು, ಊಟ ಹಾಕಿದರು. ಕ್ಯಾಮೆರಾ ಹಿಡಿದು ಬಂದಿದ್ದರೆ ಆ ಮನೆಗಳಲ್ಲಿ ಬೇರೆಯೇ ಸ್ವಾಗತ ಸಿಗುತ್ತಿತ್ತು.

'ಓಸ್ಸೊಸ್' ನಂತರ ಅವರ ಕೆಲಸದ ರೀತಿಯೇ ಬದಲಾಯಿತು ಎನ್ನುತ್ತಾರಲ್ಲ, ಏನಾಯಿತು?

ಇದು ಕೋಸ್ತಾ ಬದುಕಿನ ದೊಡ್ಡ ತಿರುವು. ಅವರ ಶೈಲಿಯ ಬಗ್ಗೆ ಕೇಳುವ ಯಾವ ಪ್ರಶ್ನೆಗೂ ಉತ್ತರ ಇಲ್ಲಿಂದಲೇ ಶುರುವಾಗುತ್ತದೆ.

'ಓಸ್ಸೊಸ್' ಚಿತ್ರೀಕರಿಸಿದ್ದು ಮಾಮೂಲಿ ರೀತಿಯಲ್ಲಿ. 35 ಎಂಎಂ ಫಿಲ್ಮ್, ದೊಡ್ಡ ಯೂನಿಟ್, ಲಾರಿ, ಟ್ರ್ಯಾಕ್, ರಾಶಿ ಲೈಟುಗಳು. ಆ ಸಿನಿಮಾದ ಛಾಯಾಗ್ರಹಣಕ್ಕೆ ಇಮ್ಯಾನುಯೆಲ್ ಮಾಶ್ವೆಲ್‌ಗೆ ವೆನಿಸ್ ಉತ್ಸವದಲ್ಲಿ ಪ್ರಶಸ್ತಿಯೂ ಬಂತು. ಆದರೆ ರಾತ್ರಿ ಶೂಟಿಂಗ್ ನಡೆಯುವಾಗ ಓಣಿಯೆಲ್ಲ ಹಗಲಿನಂತೆ ಬೆಳಗುತ್ತಿತ್ತು. ಒಳಗೆ ಮಲಗಿದ್ದವರು ನಸುಕಿನಲ್ಲೇ ಎದ್ದು ಬಸ್ಸು ಹಿಡಿದು ಕಚೇರಿಗಳ ನೆಲ ಒರೆಸಲು, ಕಟ್ಟಡದ ಕೆಲಸಕ್ಕೆ ಹೋಗಬೇಕಾದವರು. ಅವರ ನಿದ್ದೆ ಕೆಡಿಸಿ ಅವರದೇ ಕಷ್ಟದ ಸಿನಿಮಾ ತೆಗೆಯುವುದೆಂದರೇನು? ಒಂದು ರಾತ್ರಿ ಕೋಸ್ತಾ ಲೈಟುಗಳನ್ನು ಆರಿಸಲು ಹೇಳಿದರು.

ಆ ಸಿನಿಮಾದಲ್ಲಿ ನಟಿಸಿದ್ದ ವಾಂದಾ ದುಆರ್ತೆ ಅದೇ ಕೇರಿಯ ಹುಡುಗಿ. ಸಿನಿಮಾ ಎಂದರೆ ಇಷ್ಟು ಗದ್ದಲ, ಇಷ್ಟು ಸುಸ್ತು ಇರಲೇಬೇಕಾ, ಸುಮ್ಮನೆ ನನ್ನ ಕೋಣೆಗೆ ಬಂದು ಕೂತು ತೆಗೆಯಲಾಗದಾ ಎಂಬ ಅರ್ಥದಲ್ಲಿ ಅವಳು ಕೇಳಿದ್ದನ್ನು ಕೋಸ್ತಾ ಸಂದರ್ಶನಗಳಲ್ಲಿ ನೆನೆಸಿಕೊಳ್ಳುತ್ತಾರೆ. ಅವರು ಹಾಗೇ ಮಾಡಿದರು. ಅಂಗಡಿಯಲ್ಲಿ ಸಿಗುವ ಚಿಕ್ಕದೊಂದು ಪ್ಯಾನಸೋನಿಕ್ ಡಿಜಿಟಲ್ ಕ್ಯಾಮೆರಾ ಕೊಂಡು, ಹೆಚ್ಚಿನ ದಿನ ಒಬ್ಬರೇ, ದಿನವೂ ಕೆಲಸಕ್ಕೆ ಹೋಗುವವರ ಹಾಗೆ ಫೊಂಟೈನ್ಯಾಸ್‌ಗೆ ಹೋಗತೊಡಗಿದರು. ದಿನದ ಲೆಕ್ಕ ಹೇಳುವವರಿಲ್ಲ. ನೂರಕ್ಕೂ ಹೆಚ್ಚು ಗಂಟೆಯ ಟೇಪು ಸೇರಿತು. ಅದರಿಂದ ಸುಮಾರು ಮೂರು ಗಂಟೆಯ ಸಿನಿಮಾ ಹೊರಬಂತು.

ಡಿಜಿಟಲ್ ಬಂದ ಮೇಲೆ ಎಲ್ಲರೂ ಬೇಗ ಬೇಗ, ಕ್ಯಾಮೆರಾ ಅಲ್ಲಾಡಿಸುತ್ತ ತೆಗೆಯಲು ಶುರು ಮಾಡಿದ ಕಾಲ ಅದು. ಕೋಸ್ತಾ ಅಗ್ಗದ ಕ್ಯಾಮೆರಾದಿಂದ ಪಡೆದುಕೊಂಡಿದ್ದು ವೇಗವನ್ನಲ್ಲ, ಸಮಯವನ್ನು. ಅದನ್ನು ಒಂದೇ ಕಡೆ ನಿಲ್ಲಿಸಿ, ಬೆಳಕು ಕಿಟಕಿಯಿಂದ ಸರಿದು ಬರುವವರೆಗೆ ಕಾದರು.

'ಇನ್ ವಾಂದಾಸ್ ರೂಮ್' ಸಾಕ್ಷ್ಯಚಿತ್ರವೇ, ಕಥಾಚಿತ್ರವೇ?

ವಾಂದಾ ವಾಂದಾಳೇ, ಕೋಣೆ ಅವಳದೇ, ಪಕ್ಕದಲ್ಲಿ ಕೂತವಳು ಅವಳ ತಂಗಿ ಝೀತಾಳೇ. ಅವರು ಸೇದುತ್ತಿರುವ ಹೆರಾಯಿನ್ನೂ ನಿಜ, ಎದೆ ಕಿತ್ತು ಬರುವ ಆ ಕೆಮ್ಮೂ ನಿಜ. ಹೊರಗೆ ಕೇರಿಯನ್ನು ಒಡೆಯುತ್ತಿರುವ ಯಂತ್ರಗಳ ಸದ್ದು ಇಡೀ ಸಿನಿಮಾದಲ್ಲಿ ಕೇಳುತ್ತಲೇ ಇರುತ್ತದೆ. ಅದೂ ನಿಜ. ಅಷ್ಟು ಮಾತ್ರಕ್ಕೆ ಇದು ನಡೆದದ್ದನ್ನು ನಡೆದ ಹಾಗೆ ಹಿಡಿದ ಚಿತ್ರವಲ್ಲ. ಅನೇಕ ಮಾತುಕತೆಗಳನ್ನು ಅವರು ಕೂತು ಆಡಿ ನೋಡಿದ್ದಾರೆ, ಮತ್ತೆ ಆಡಿದ್ದಾರೆ, ಹೊಂದುವ ಬೆಳಕಿಗೆ ಕಾದಿದ್ದಾರೆ. ಯಾರು ಎಲ್ಲಿ ಕೂರಬೇಕು, ಬಾಗಿಲು ಎಷ್ಟು ತೆರೆದಿರಬೇಕು ಎಂಬುದನ್ನು ನಿರ್ದೇಶಕ ಯೋಚಿಸಿದ್ದಾರೆ.

ಒಂದು ದೃಶ್ಯ ಹೇಳುತ್ತೇನೆ. ವಾಂದಾ ಹಾಸಿಗೆ ಮೇಲೆ ದಪ್ಪದೊಂದು ಟೆಲಿಫೋನ್ ಡೈರೆಕ್ಟರಿ ಇಟ್ಟುಕೊಂಡು ಪುಟ ಪುಟ ತಿರುವಿ ಕೆರೆಯುತ್ತಿರುತ್ತಾಳೆ. ಅದರ ಸಂದಿಯಲ್ಲಿ ಉದುರಿ ಉಳಿದ ಪುಡಿ ಎಲ್ಲಾದರೂ ಸಿಕ್ಕೀತೇ ಎಂಬ ಆಸೆ. ಕ್ಯಾಮೆರಾ ಅಲ್ಲಾಡುವುದಿಲ್ಲ, ಹತ್ತಿರ ಹೋಗುವುದಿಲ್ಲ, ಸಂಗೀತವಿಲ್ಲ. ಕಿಟಕಿಯ ಬೆಳಕು ಒಂದು ಬದಿಯಿಂದ ಬಿದ್ದಿದೆ. ಇದೇ ವಾಂದಾ ಇನ್ನೊಂದು ಕಡೆ ತರಕಾರಿ ಹಿಡಿದು ಮನೆಮನೆಗೆ ಮಾರಲು ಹೋಗುತ್ತಾಳೆ, ಹರಟುತ್ತಾಳೆ, ಬೈಯುತ್ತಾಳೆ, ನಗುತ್ತಾಳೆ. ಚಟಕ್ಕೆ ಬಿದ್ದವರ ಬಗ್ಗೆ ಬಂದ ಸಿನಿಮಾಗಳಲ್ಲಿ ಅವರನ್ನು ಚಟವಾಗಿ ಮಾತ್ರ ತೋರಿಸುವುದೇ ಜಾಸ್ತಿ. ಇಲ್ಲಿ ವಾಂದಾ ಮೊದಲಿಗೆ ಒಬ್ಬ ಮಗಳು, ಅಕ್ಕ, ಮಾತುಗಾರ್ತಿ. ಹಾಗಾಗಿ ಮೇಲಿನ ಪ್ರಶ್ನೆಗೆ ಎರಡೂ ಹೌದು ಎನ್ನುವುದೇ ಸರಿ.

ವೆಂತುರಾ ಯಾರು?

ಕೇಪ್ ವರ್ಡ್‌ನಿಂದ 1970ರ ದಶಕದ ಮೊದಲಲ್ಲಿ ಲಿಸ್ಬನ್‌ಗೆ ಬಂದ ಗಾರೆ ಕೆಲಸದವರು, ಫೊಂಟೈನ್ಯಾಸ್‌ನ ಹಳಬರು. 'ಕೊಲಾಸಲ್ ಯೂತ್'ನಿಂದ ಮುಂದೆ ಕೋಸ್ತಾ ಸಿನಿಮಾಗಳ ನಡುಗಂಬ ಅವರೇ. ಎತ್ತರದ ಆಳು, ಕರಿ ಕೋಟು, ನಡಿಗೆಯಲ್ಲಿ ಗಾಂಭೀರ್ಯ. ಶಾಲೆ ಕಲಿತ ನಟ ಯಾರೂ ಆ ನಿಲುವನ್ನು ತರಲಾರರು.

'ಕೊಲಾಸಲ್ ಯೂತ್' ಶುರುವಾಗುವುದು ರಾತ್ರಿಯಲ್ಲಿ. ಮೇಲಿನ ಕಿಟಕಿಯಿಂದ ಮನೆಯ ಸಾಮಾನುಗಳು ಒಂದೊಂದಾಗಿ ಕೆಳಗೆ ಬಿದ್ದು ಒಡೆಯುತ್ತವೆ. ವೆಂತುರಾ ಹೆಂಡತಿ ಬಿಟ್ಟು ಹೋಗುತ್ತಿದ್ದಾಳೆ. ಆಮೇಲೆ ಅವರು ಒಡೆದು ಮುಗಿಯುತ್ತಿರುವ ಹಳೆಯ ಕೇರಿ ಮತ್ತು ಸರ್ಕಾರ ಕೊಟ್ಟ ಹೊಸ ಕಟ್ಟಡಗಳ ನಡುವೆ ಓಡಾಡುತ್ತ, ಸಿಕ್ಕ ಸಿಕ್ಕವರನ್ನೆಲ್ಲ ಮಗನೇ, ಮಗಳೇ ಎಂದು ನೋಡಲು ಹೋಗುತ್ತಾರೆ. ವಾಂದಾ ಈಗ ಅಂಥದೊಂದು ಹೊಸ ಮನೆಯಲ್ಲಿದ್ದಾಳೆ. ಹೆರಾಯಿನ್ ಬಿಟ್ಟಿದ್ದಾಳೆ, ಮಗು ಇದೆ, ಟಿವಿ ಓಡುತ್ತಲೇ ಇದೆ. ಹಳೆಯ ಕೋಣೆಯ ಹಸಿರು ನೆರಳು ಹೋಗಿ ಕಣ್ಣು ಕುಕ್ಕುವ ಬಿಳಿ ಗೋಡೆ ಬಂದಿದೆ. ಸೂರು ಸಿಕ್ಕಿತು, ವಠಾರ ಹೋಯಿತು. ಮನೆ ತೋರಿಸಲು ಬಂದ ಅಧಿಕಾರಿಗೆ ವೆಂತುರಾ ಇಲ್ಲಿ ಜೇಡಗಳು ತುಂಬಾ ಇವೆ ಎನ್ನುತ್ತಾರೆ. ಹೊಚ್ಚ ಹೊಸ ಮನೆ ಅದು.

ಆ ಸಿನಿಮಾದಲ್ಲಿ ನನ್ನನ್ನು ಬಿಡದೆ ಹಿಡಿದ ದೃಶ್ಯ ಗುಲ್ಬೆಂಕಿಯನ್ ಮ್ಯೂಸಿಯಂನದು. ಲಿಸ್ಬನ್‌ನ ಅತಿ ಶ್ರೀಮಂತ ಕಲಾ ಸಂಗ್ರಹ. ರೂಬೆನ್ಸ್‌ನ ಚಿತ್ರಗಳಿರುವ ಗೋಡೆಗೆ ವೆಂತುರಾ ಒರಗಿ ನಿಂತಿದ್ದಾರೆ. ಕಾವಲುಗಾರ ಬಂದು, ಅವನೂ ಕಪ್ಪು ವರ್ಣದವನೇ, ಕಿವಿಯಲ್ಲಿ ಏನೋ ಹೇಳುತ್ತಾನೆ. ವೆಂತುರಾ ಮರುಮಾತಾಡದೆ ಹೊರಡುತ್ತಾರೆ. ಅವರು ನಿಂತಿದ್ದ ನೆಲವನ್ನು ಕಾವಲುಗಾರ ಬಗ್ಗಿ ಕರವಸ್ತ್ರದಿಂದ ಒರೆಸುತ್ತಾನೆ. ಹೊರಗೆ ತೋಟದಲ್ಲಿ ವೆಂತುರಾ ಹೇಳುವುದು ಏನೆಂದರೆ, ಈ ಜಾಗ ಕಟ್ಟಿದ ಕೂಲಿಗಳಲ್ಲಿ ತಾನೂ ಒಬ್ಬ, ಇಲ್ಲಿಯ ಸಾರವೆಯಿಂದಲೇ ಬಿದ್ದಿದ್ದು. ಒಂದು ಭಾಷಣವಿಲ್ಲ, ಒಂದು ಕಣ್ಣೀರಿಲ್ಲ. ಊರು ಕಟ್ಟಿದವರಿಗೆ ಊರಿನೊಳಗೆ ಜಾಗವಿಲ್ಲ ಎಂಬುದನ್ನು ಇಷ್ಟು ನೇರವಾಗಿ ತೋರಿಸಿದ ದೃಶ್ಯ ನಾನು ಇನ್ನೊಂದು ನೋಡಿಲ್ಲ.

ಇದೇ ಸಿನಿಮಾದಲ್ಲಿ ವೆಂತುರಾ ಗೆಳೆಯ ಲೆಂತೊಗೆ ಊರಿನ ಹೆಂಡತಿಗೆ ಬರೆಯಬೇಕಾದ ಪತ್ರವೊಂದನ್ನು ಬಾಯಿಪಾಠ ಮಾಡಿಸುತ್ತಾರೆ. ಸಿನಿಮಾದುದ್ದಕ್ಕೂ ಅದು ಮತ್ತೆ ಮತ್ತೆ ಕೇಳುತ್ತದೆ. ವಲಸೆ ಬಂದವರು ಊರಿಗೆ ಬರೆದ ಪತ್ರಗಳ ಸಾಲುಗಳನ್ನೂ, ನಾಜಿ ಶಿಬಿರದಿಂದ ಫ್ರೆಂಚ್ ಕವಿ ರೊಬೇರ್ ದೆಸ್ನೋಸ್ ಬರೆದ ಪತ್ರವನ್ನೂ ಬೆಸೆದು ಕೋಸ್ತಾ ಅದನ್ನು ಕಟ್ಟಿದ್ದಾರೆ.

ಅವರ ಬೆಳಕಿನ ಬಗ್ಗೆ ಎಲ್ಲರೂ ಮಾತಾಡುತ್ತಾರೆ. ಅದನ್ನು ಹೇಗೆ ಮಾಡುತ್ತಾರೆ?

ಕಡಿಮೆ ಸಲಕರಣೆ, ಹೆಚ್ಚು ಕಾಯುವಿಕೆ. 'ಕೊಲಾಸಲ್ ಯೂತ್'ನಲ್ಲಿ ಕಿಟಕಿಯಿಂದ ಬರುವ ಬಿಸಿಲನ್ನು ಕನ್ನಡಿ ಮತ್ತು ರಿಫ್ಲೆಕ್ಟರ್ ಇಟ್ಟು ಮೂಲೆಗೆ ತಿರುಗಿಸಿದ್ದಾರೆ. ಸೂರ್ಯ ಸರಿದಂತೆ ಕನ್ನಡಿಯೂ ಸರಿಯಬೇಕು, ಇಲ್ಲವೇ ನಾಳೆ ಅದೇ ಹೊತ್ತಿಗೆ ಬರಬೇಕು. ಕೆಲಸ ಮಾಡುವವರು ನಾಲ್ಕೈದು ಜನ. ಲಿಯೊನಾರ್ದೊ ಸಿಮೋಯಿಸ್ ಆ ಸಿನಿಮಾದಿಂದ ಇತ್ತೀಚಿನವರೆಗೂ ಜೊತೆಗಿರುವ ಛಾಯಾಗ್ರಾಹಕ. ಒಂದೇ ದೃಶ್ಯವನ್ನು ದಿನಗಟ್ಟಲೆ, ಹತ್ತಾರು ಟೇಕ್ ತೆಗೆಯುತ್ತಾರೆ. 'ಕೊಲಾಸಲ್ ಯೂತ್'ಗೆ 300 ಗಂಟೆಗೂ ಹೆಚ್ಚು ಚಿತ್ರೀಕರಿಸಿದ್ದರು. ಟೇಕ್‌ನಿಂದ ಟೇಕ್‌ಗೆ ಮಾತು ಬದಲಾಗುತ್ತದೆ, ಚಿಕ್ಕದಾಗುತ್ತದೆ. ನಟರು ತಮ್ಮ ನೆನಪನ್ನು ಹೇಳಿಕೊಂಡು, ಬೇಡದ್ದನ್ನು ಬಿಡುತ್ತ ಬಿಡುತ್ತ, ಕೊನೆಗೆ ಉಳಿದದ್ದು ಸಂಭಾಷಣೆ.

ಚೌಕಟ್ಟು ಹೆಚ್ಚಾಗಿ ಹಳೆಯ ಟಿವಿಯ ಹಾಗೆ ಚೌಕಕ್ಕೆ ಹತ್ತಿರವಾದ 4:3. ಅಗಲ ಪರದೆಯಲ್ಲಿ ಜಾಗ ಕಾಣುತ್ತದೆ, ಇದರಲ್ಲಿ ಮನುಷ್ಯ ಕಾಣುತ್ತಾನೆ. ಕ್ಯಾಮೆರಾವನ್ನು ಕೆಳಗಿಟ್ಟು ಮುಖವನ್ನು ಸ್ವಲ್ಪ ಮೇಲಕ್ಕೆ ನೋಡುವುದು ಅವರ ರೂಢಿ. ರಾಜರ, ಸಂತರ ಚಿತ್ರಗಳನ್ನು ಹೀಗೆ ಬರೆಯುತ್ತಿದ್ದರು. ಇಲ್ಲಿ ಆ ಜಾಗದಲ್ಲಿ ಗಾರೆ ಕೆಲಸದವರಿದ್ದಾರೆ, ನೆಲ ಒರೆಸುವವರಿದ್ದಾರೆ.

ಬಡತನವನ್ನು ಇಷ್ಟು ಚೆಂದವಾಗಿ ತೋರಿಸುವುದು ಸರಿಯೇ?

ಕೋಸ್ತಾ ಬಗ್ಗೆ ಇರುವ ಅತ್ಯಂತ ಗಂಭೀರ ಆಕ್ಷೇಪ ಇದು, ಲಘುವಾಗಿ ತಳ್ಳಿಹಾಕಬಾರದು. ಕೊಳೆಗೇರಿಯ ಒಂದು ಗೋಡೆ ಹಳೆಯ ಡಚ್ ಚಿತ್ರದ ಹಾಗೆ ಹೊಳೆದಾಗ, ಉತ್ಸವಗಳಿಗೆ ಬರುವ ಸುಖಜೀವಿಗಳು ಆಹಾ ಎಂದು ಎದ್ದು ಹೋಗುವ ಅಪಾಯ ಇದ್ದೇ ಇದೆ.

ನನ್ನ ಉತ್ತರ ಹೀಗಿದೆ. ಬಡವರನ್ನು ತೋರಿಸುವಾಗ ಕ್ಯಾಮೆರಾ ನಡುಗಬೇಕು, ಬಣ್ಣ ಮಾಸಬೇಕು, ಬೆಳಕು ಕೆಟ್ಟದಾಗಿರಬೇಕು, ಆಗಲೇ ಅದು ಪ್ರಾಮಾಣಿಕ ಎಂದು ನಾವು ಯಾವಾಗಲೋ ಒಪ್ಪಿಕೊಂಡುಬಿಟ್ಟಿದ್ದೇವೆ. ಶ್ರೀಮಂತರಿಗೆ ಮಾತ್ರ ಒಳ್ಳೆಯ ಲೈಟಿಂಗ್. ಕೋಸ್ತಾ ಈ ಒಪ್ಪಂದವನ್ನು ಒಪ್ಪುವುದಿಲ್ಲ. ವಿತಲಿನಾಳ ಮುಖಕ್ಕೆ ಬೆಳಕು ಹೊಂದಿಸಲು ಅವರು ತೆಗೆದುಕೊಂಡ ಶ್ರಮವನ್ನು ಬೇರೆಯವರು ತಾರೆಯರಿಗೆ ಮಾತ್ರ ತೆಗೆದುಕೊಳ್ಳುತ್ತಾರೆ. ಜೊತೆಗೆ, ಅವರು ಚೆಂದವಾಗಿ ತೋರಿಸುವುದು ಹಸಿವನ್ನಲ್ಲ, ಸೋರುವ ಚಾವಣಿಯನ್ನಲ್ಲ. ಸೋರುವ ಚಾವಣಿ ಸೋರುತ್ತಲೇ ಇರುತ್ತದೆ, ಅದರ ಕೆಳಗೆ ನಿಂತವರು ಮಾತ್ರ ಕುಗ್ಗುವುದಿಲ್ಲ. ಒಂದೇ ಜನರ ಜೊತೆ ಇಪ್ಪತ್ತು ವರ್ಷಕ್ಕೂ ಮೇಲೆ ಕೆಲಸ ಮಾಡಿದ್ದಾರೆ ಎಂಬುದನ್ನೂ ಮರೆಯಬಾರದು. ಸಿನಿಮಾ ಮುಗಿದ ಮೇಲೂ ಆ ಮನೆಗಳಿಗೆ ಹೋಗಿ ಬರುವವರಿಗೆ ಸುಳ್ಳು ಚೆಂದ ಮಾಡುವುದು ಸುಲಭವಲ್ಲ.

ಇಷ್ಟು ನಿಧಾನ ಏಕೆ? ಕಾನ್‌ನಲ್ಲಿ ಜನ ಎದ್ದು ಹೋಗಿದ್ದರಂತೆ?

ಹೌದು, 2006ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿ 'ಕೊಲಾಸಲ್ ಯೂತ್' ತೋರಿಸಿದಾಗ ಅನೇಕರು ನಡುವೆಯೇ ಹೊರನಡೆದರು. ನಿಧಾನವೆನಿಸಲು ಕಾರಣ, ಮುಂದೇನಾಗುತ್ತದೆ ಎಂಬ ಕುತೂಹಲವನ್ನು ಈ ಸಿನಿಮಾಗಳು ನೆಚ್ಚಿಕೊಂಡಿಲ್ಲ. ಹಗಲಲ್ಲಿ, ಫೋನಿನಲ್ಲಿ ನೋಡಬೇಡಿ. ಮುಕ್ಕಾಲು ಪಾಲು ಚಿತ್ರ ಕತ್ತಲಲ್ಲೇ ಇದೆ, ಏನೂ ಕಾಣುವುದಿಲ್ಲ. ಕೋಣೆಯ ದೀಪ ಆರಿಸಿ, ಸದ್ದು ಸ್ವಲ್ಪ ಜೋರಾಗಿಡಿ. ಪಕ್ಕದ ಮನೆಯ ಪಾತ್ರೆ, ಮಕ್ಕಳ ಕೂಗು, ಬಾಗಿಲ ಸದ್ದು, ಪರದೆಯಲ್ಲಿ ಕಾಣದ ಕೇರಿಯೆಲ್ಲ ಕಿವಿಯಲ್ಲೇ ಇದೆ.

'ಹಾರ್ಸ್ ಮನಿ' ಅರ್ಥವಾಗಲಿಲ್ಲ.

ಇದಕ್ಕೆ ಚೂರು ಇತಿಹಾಸ ಬೇಕು. 1974ರ ಏಪ್ರಿಲ್ 25ರಂದು ಪೋರ್ಚುಗಲ್‌ನ ಸೈನಿಕರೇ ದಶಕಗಳ ಸರ್ವಾಧಿಕಾರವನ್ನು ಕೆಡವಿದರು. ಬಂದೂಕಿನ ನಳಿಗೆಯಲ್ಲಿ ಕೆಂಪು ಕಾರ್ನೇಶನ್ ಹೂವು ಸಿಕ್ಕಿಸಿಕೊಂಡ ಸೈನಿಕರ ಫೋಟೊಗಳನ್ನು ನೀವು ನೋಡಿರಬಹುದು. ಹದಿಹರೆಯದ ಕೋಸ್ತಾ ಆಗ ಬೀದಿಯಲ್ಲಿ ಘೋಷಣೆ ಕೂಗುತ್ತಿದ್ದರು. ಎಷ್ಟೋ ವರ್ಷದ ಮೇಲೆ ವೆಂತುರಾರಿಂದ ತಿಳಿದದ್ದು ಬೇರೆ ಕಥೆ. ಅದೇ ಊರಿನಲ್ಲಿ, ಅದೇ ದಿನಗಳಲ್ಲಿ, ಸೈನಿಕರು ಬಂದರೆ ಕಪ್ಪು ಜನರಿಗೆ ಏನು ಕಾದಿದೆಯೋ ಎಂದು ಹೆದರಿ ವೆಂತುರಾ ಮತ್ತು ಗೆಳೆಯರು ಅಡಗಿ ಕೂತಿದ್ದರು. ಒಬ್ಬರ ಹಬ್ಬ, ಇನ್ನೊಬ್ಬರ ಭಯ.

'ಹಾರ್ಸ್ ಮನಿ' ಆ ಭಯದೊಳಗೆ ನಡೆಯುತ್ತದೆ. ಆಸ್ಪತ್ರೆಯಲ್ಲಿ ಕೈ ನಡುಗುವ ಮುದುಕ ವೆಂತುರಾಗೆ ವಯಸ್ಸು ಕೇಳಿದರೆ ಹತ್ತೊಂಬತ್ತು ವರ್ಷ ಮೂರು ತಿಂಗಳು ಎನ್ನುತ್ತಾರೆ. ಲಿಫ್ಟಿನೊಳಗೆ ಮೈಗೆ ಬಣ್ಣ ಬಳಿದ, ಪ್ರತಿಮೆಯಂತೆ ನಿಂತ ಸೈನಿಕನೊಬ್ಬನ ಜೊತೆ ಸಿಕ್ಕಿಬೀಳುತ್ತಾರೆ. ದಿನಾಂಕ ಹೊಂದಿಸಲು ಹೋಗಬೇಡಿ. ಆ ತಲೆಯಲ್ಲಿ ಆ ಭಯದ ದಿನಗಳು ಇನ್ನೂ ಮುಗಿದಿಲ್ಲ ಎಂದು ತಿಳಿದರೆ ಸಾಕು. ಈ ಸಿನಿಮಾಕ್ಕೆ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಬಂತು.

'ವಿತಲಿನಾ ವರೇಲಾ' ನಿಜ ಕಥೆಯೇ?

ಬಹುಪಾಲು. 'ಹಾರ್ಸ್ ಮನಿ'ಗೆ ಜಾಗ ಹುಡುಕುತ್ತಿದ್ದಾಗ ಕೋಸ್ತಾ ಕೇಪ್ ವರ್ಡ್ ಜನರೇ ಹೆಚ್ಚಿರುವ ಕೋವಾ ದಾ ಮೌರಾ ಕೇರಿಯಲ್ಲಿ ಒಂದು ಮನೆಯ ಬಾಗಿಲು ತಟ್ಟಿದರು. ತೆರೆದದ್ದು ಕಪ್ಪು ಬಟ್ಟೆಯಲ್ಲಿ ಸೂತಕದಲ್ಲಿದ್ದ ವಿತಲಿನಾ. ಗಂಡ ಲಿಸ್ಬನ್‌ಗೆ ಕರೆಸಿಕೊಳ್ಳುತ್ತಾನೆ, ಟಿಕೆಟ್ ಕಳಿಸುತ್ತಾನೆ ಎಂದು 25 ವರ್ಷ ಕಾದವರು. ಕೊನೆಗೆ ಬಂದಿದ್ದು ಅವನು ಸತ್ತ ಸುದ್ದಿ. ಅವರು ಲಿಸ್ಬನ್ ಮುಟ್ಟುವಷ್ಟರಲ್ಲಿ ಮಣ್ಣು ಮಾಡಿ ಮೂರು ದಿನವಾಗಿತ್ತು.

ಸಿನಿಮಾದಲ್ಲಿ ಅವರು ವಿಮಾನದ ಮೆಟ್ಟಿಲು ಇಳಿಯುವುದು ರಾತ್ರಿ, ಬರಿಗಾಲಿನಲ್ಲಿ. ಕೆಳಗೆ ಕಾದಿರುವವರು ವಿಮಾನ ನಿಲ್ದಾಣ ಗುಡಿಸುವ ಹೆಂಗಸರು, ಅವರೂ ಕೇಪ್ ವರ್ಡ್‌ನವರೇ. ಒಬ್ಬಳು ತಬ್ಬಿಕೊಂಡು ಹೇಳುತ್ತಾಳೆ: ತಡವಾಯಿತು, ಇಲ್ಲಿ ನಿನಗೆ ಏನೂ ಇಲ್ಲ, ಊರಿಗೆ ಹೋಗು. ವಿತಲಿನಾ ಹೋಗುವುದಿಲ್ಲ. ಗಂಡ ಬಿಟ್ಟುಹೋದ ಕತ್ತಲ ಮನೆಯಲ್ಲಿ ಕೂರುತ್ತಾರೆ, ಅವನ ಜೊತೆ ಜಗಳ ತೆಗೆಯುತ್ತಾರೆ. ಊರಿನಲ್ಲಿ ಇಬ್ಬರೂ ಸೇರಿ ಎಷ್ಟು ಚೆನ್ನಾಗಿ ಮನೆ ಕಟ್ಟಿದ್ದೆವು, ಇಲ್ಲಿ ನೀನೊಬ್ಬನೇ ಕಟ್ಟಿದ್ದು ನೋಡು ಎಂದು ಬಾಗಿಲು, ಚಾವಣಿ ಎಲ್ಲವನ್ನೂ ದೂರುತ್ತಾರೆ. ಸತ್ತವನನ್ನು ಹೀಗೆ ತರಾಟೆಗೆ ತೆಗೆದುಕೊಳ್ಳುವ ಹೆಂಡತಿಯ ಮಾತಿನಲ್ಲಿ ಎಷ್ಟು ಪ್ರೀತಿ ಇದೆ, ಎಷ್ಟು ಸಿಟ್ಟಿದೆ ಎಂದು ಬಿಡಿಸಿ ಹೇಳಲಾಗದು. ಮಾತುಗಳು ಅವರ ನೆನಪಿನವೇ. ಚಿತ್ರಕಥೆಯಲ್ಲಿ ಕೋಸ್ತಾ ಜೊತೆ ಅವರ ಹೆಸರೂ ಇದೆ. ಲೊಕಾರ್ನೊದಲ್ಲಿ ಸಿನಿಮಾಕ್ಕೆ ಅಲ್ಲಿಯ ಅತಿ ದೊಡ್ಡ ಪ್ರಶಸ್ತಿಯಾದ ಚಿನ್ನದ ಚಿರತೆ, ವಿತಲಿನಾರಿಗೆ ಅತ್ಯುತ್ತಮ ನಟಿ ಪ್ರಶಸ್ತಿ ಬಂತು.

ವಿತಲಿನಾರ ಹೆಚ್ಚಿನ ಮಾತು ಕೇಪ್ ವರ್ಡ್‌ನ ಕ್ರಿಯೋಲ್‌ನಲ್ಲಿದೆ, ಪೋರ್ಚುಗೀಸ್ ಮತ್ತು ಆಫ್ರಿಕಾದ ನುಡಿಗಳು ಬೆರೆತ ಭಾಷೆ ಅದು. ಸಬ್‌ಟೈಟಲ್ ಓದುವ ನಮಗೆ ಯಾವಾಗ ಪೋರ್ಚುಗೀಸ್, ಯಾವಾಗ ಕ್ರಿಯೋಲ್ ಎಂದು ತಿಳಿಯುವುದಿಲ್ಲ. ಸ್ವಲ್ಪ ಕಿವಿಗೊಟ್ಟರೆ ವ್ಯತ್ಯಾಸ ಹಿಡಿಯಬಹುದು.

ಅವರಿಗೆ ಗುರುಗಳು ಯಾರು?

ರೈಸ್ ಬಿಟ್ಟರೆ ಜಾನ್ ಫೋರ್ಡ್, ಓಜು, ಬ್ರೆಸ್ಸೋನ್, ಜಾಕ್ ತೂರ್ನರ್, ಚಾಪ್ಲಿನ್. ಎಲ್ಲರಿಗಿಂತ ಹತ್ತಿರದವರು ಜೊತೆಯಾಗಿ ಸಿನಿಮಾ ಮಾಡುತ್ತಿದ್ದ ಫ್ರೆಂಚ್ ನಿರ್ದೇಶಕರಾದ ಝಾನ್ ಮಾರಿ ಸ್ತ್ರೌಬ್ ಮತ್ತು ದಾನಿಯೆಲ್ ವಿಯೆ ದಂಪತಿ. ಅವರು 'ಸಿಚಿಲಿಯಾ!' ಸಿನಿಮಾವನ್ನು ಸಂಕಲನ ಮಾಡುವುದನ್ನು ಕೋಸ್ತಾ 2001ರಲ್ಲಿ ಚಿತ್ರ ಮಾಡಿದ್ದಾರೆ. ಕತ್ತಲ ಕೋಣೆಯಲ್ಲಿ ವಿಯೆ ಎಡಿಟಿಂಗ್ ಮೇಜಿನ ಮುಂದೆ ಅಲುಗಾಡದೆ ಕೂತಿರುತ್ತಾರೆ. ಸ್ತ್ರೌಬ್ ಬಾಗಿಲ ಬಳಿ ಹೋಗುತ್ತ ಬರುತ್ತ ಬಾಯಿ ಮುಚ್ಚದೆ ಮಾತಾಡುತ್ತಿರುತ್ತಾರೆ. ಒಂದು ಫ್ರೇಮ್ ಹಿಂದಕ್ಕೋ ಮುಂದಕ್ಕೋ ಎಂದು ಇಬ್ಬರಿಗೂ ಜಗಳ. ನಟನ ಕಣ್ಣಲ್ಲಿ ನಗು ಹುಟ್ಟುತ್ತಿದೆಯೋ ಇಲ್ಲವೋ ಎಂಬುದು ಆ ಒಂದು ಫ್ರೇಮಿನಲ್ಲಿ ತೀರ್ಮಾನವಾಗಬೇಕು. ಸಂಕಲನ ಕಲಿಯುವ ಯಾರೇ ಇರಲಿ, ಮೊದಲು ಇದನ್ನು ನೋಡಬೇಕು. ಗಂಡ ಹೆಂಡತಿ ಜೊತೆಯಾಗಿ ಕೆಲಸ ಮಾಡುವುದರ ಬಗ್ಗೆಯೂ ಇದಕ್ಕಿಂತ ಒಳ್ಳೆಯ ಸಿನಿಮಾ ಕಡಿಮೆ.

ಸಂಗೀತ ಬಳಸುವುದೇ ಇಲ್ಲವೇ?

ಹಿನ್ನೆಲೆ ಸಂಗೀತ ಕಡಿಮೆ, ಹಾಡುಗಳಿವೆ. ಕೋಸ್ತಾ ಪಂಕ್ ಸಂಗೀತ ಕೇಳಿ ಬೆಳೆದವರು. 'ಕೊಲಾಸಲ್ ಯೂತ್' ಎಂಬ ಹೆಸರೇ ಯಂಗ್ ಮಾರ್ಬಲ್ ಜಯಂಟ್ಸ್ ತಂಡದ 1980ರ ಆಲ್ಬಮ್ಮಿನದು. 'ಹಾರ್ಸ್ ಮನಿ'ಯಲ್ಲಿ ಕೇಪ್ ವರ್ಡ್‌ನ ಓಸ್ ತುಬರೋಯಿಸ್ ತಂಡದ ಹಾಡು ಬರುವಾಗ ಕೇರಿಯ ಜನ ತಮ್ಮ ಮನೆಗಳಲ್ಲಿ, ಬಾಗಿಲುಗಳಲ್ಲಿ ನಿಂತ ಚಿತ್ರಗಳು ಒಂದರ ಹಿಂದೊಂದು ಬರುತ್ತವೆ. ಇಡೀ ಸಿನಿಮಾದಲ್ಲಿ ಉಸಿರು ಸಡಿಲವಾಗುವ ಕೆಲವೇ ನಿಮಿಷಗಳಲ್ಲಿ ಅದೊಂದು. ನಟಿ, ಗಾಯಕಿ ಝಾನ್ ಬಾಲಿಬಾರ್ ಹಾಡಿನ ತಾಲೀಮಿನ ಬಗ್ಗೆ 'ನೆ ಶಾಂಜ್ ರಿಯಾ' (2009) ಎಂಬ ಪೂರ್ತಿ ಸಿನಿಮಾ ಮಾಡಿದ್ದಾರೆ. ಅಲ್ಲೂ ಅದೇ, ಒಂದೇ ಸಾಲನ್ನು ಸರಿಯಾಗುವವರೆಗೂ ಹಾಡುವುದು.

ಪೋರ್ಚುಗಲ್‌ನ ಬೇರೆ ಯಾರನ್ನು ನೋಡಬಹುದು?

ನೂರು ದಾಟಿದ ಮೇಲೂ ಸಿನಿಮಾ ಮಾಡಿದ ಮನೋಯೆಲ್ ದೆ ಒಲಿವೇರಾ (1908–2015), ಜುವಾಂವ್ ಸೆಸಾರ್ ಮೊಂತೈರೊ, ತೆರೆಸಾ ವಿಲ್ಲವೆರ್ದೆ, ರೀತಾ ಅಜೆವೇದೊ ಗೋಮೆಸ್. ಇವತ್ತಿನವರಲ್ಲಿ ಮಿಗೆಲ್ ಗೋಮೆಸ್, 'ಗ್ರಾಂಡ್ ಟೂರ್'ಗೆ 2024ರಲ್ಲಿ ಕಾನ್‌ನ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಪಡೆದವರು. ಅವರದು ಆಟದ, ಕಥೆಯ ಹುಚ್ಚಿನ ಸಿನಿಮಾ, ಕೋಸ್ತಾಗೆ ಪೂರಾ ಬೇರೆ ಮನಸ್ಸು.

ಸಿನಿಮಾಗಳು ಎಲ್ಲಿ ಸಿಗುತ್ತವೆ?

'ಓಸ್ಸೊಸ್', 'ಇನ್ ವಾಂದಾಸ್ ರೂಮ್', 'ಕೊಲಾಸಲ್ ಯೂತ್' ಮೂರನ್ನೂ ಸೇರಿಸಿ ಅಮೆರಿಕದ ಕ್ರೈಟೀರಿಯನ್ ಸಂಸ್ಥೆ 2010ರಲ್ಲಿ 'ಲೆಟರ್ಸ್ ಫ್ರಮ್ ಫೊಂಟೈನ್ಯಾಸ್' ಎಂಬ ಡಿವಿಡಿ ಪೆಟ್ಟಿಗೆ ತಂದಿದೆ, ಇಂಗ್ಲಿಷ್ ಸಬ್‌ಟೈಟಲ್ ಇದೆ. ಫಿಲ್ಮ್ ಸೊಸೈಟಿ ನಡೆಸುವವರಾದರೆ ಕೋಸ್ತಾ ಚಿತ್ರಗಳನ್ನು ಪೂರ್ತಿ ಕತ್ತಲಾಗುವ ಹಾಲ್‌ನಲ್ಲೇ ತೋರಿಸಿ. ಕಿಟಕಿ ಪರದೆ ಸಂದಿಯಿಂದ ಬೆಳಕು ಬಂದರೂ 'ವಿತಲಿನಾ ವರೇಲಾ' ಹಾಳಾಗುತ್ತದೆ.

ಇತ್ತೀಚೆಗೆ ಏನು ಮಾಡಿದ್ದಾರೆ?

2023ರ ಕಾನ್ ಉತ್ಸವದಲ್ಲಿ 'ದ ಡಾಟರ್ಸ್ ಆಫ್ ಫೈರ್' ಎಂಬ ಒಂಬತ್ತು ನಿಮಿಷದ ಕಿರುಚಿತ್ರ ತೋರಿಸಿದರು. ಫೋಗೊ ದ್ವೀಪದ ಜ್ವಾಲಾಮುಖಿ ಸಿಡಿದು ಬೇರೆ ಬೇರೆಯಾದ ಮೂವರು ಅಕ್ಕತಂಗಿಯರು. ಪರದೆ ಮೂರು ಭಾಗವಾಗಿದೆ, ಒಂದೊಂದರಲ್ಲಿ ಒಬ್ಬೊಬ್ಬರು ನಿಂತು ಹಾಡುತ್ತಾರೆ. ಮಾತಿಲ್ಲ, ಹಾಡೇ ಎಲ್ಲ. 'ಕಾಸಾ ದೆ ಲಾವಾ'ದ ದ್ವೀಪಕ್ಕೆ ಸುಮಾರು ಮೂವತ್ತು ವರ್ಷದ ಮೇಲೆ ಹಾಡಿನ ದಾರಿಯಲ್ಲಿ ಮರಳಿರುವುದರಿಂದ, ಎರಡನ್ನೂ ಒಂದೇ ಸಂಜೆ ನೋಡುವುದು ಒಳ್ಳೆಯದು. ಮೊದಲು ಕಿರುಚಿತ್ರ, ಆಮೇಲೆ ದೊಡ್ಡದು.